ತೂಗಾಡುವ ಸೀಸ

ಅಕ್ಕ ಬ್ಯಾಟರಿ ಕಾರ್ಖಾನೆಯಲ್ಲಿ ಒಂಬತ್ತು ವರ್ಷದಿಂದ ಸೀಸದ ಫಲಕಗಳಿಗೆ ಬೆಸುಗೆ ಹಾಕುತ್ತಿದ್ದಳು. ಆ ವರ್ಷ ಅವಳಿಗೆ ಹೊಟ್ಟೆನೋವು ಶುರುವಾಯಿತು. ಒದ್ದೆ ಬಟ್ಟೆ ಹಿಂಡಿದ ಹಾಗೆ ಕರುಳು ಹಿಂಡುವ ನೋವು. ಊಟ ಸೇರುತ್ತಿರಲಿಲ್ಲ. ಬಲಗೈಯ ಮಣಿಕಟ್ಟು ಸೋತು ಕೈಯಲ್ಲಿದ್ದ ಲೋಟ ಜಾರುತ್ತಿತ್ತು. ಮೂರು ಸಲ ಕಾರ್ಖಾನೆಯ ಡಾಕ್ಟರ ಬಳಿ ಹೋದಳು. ಮೂರನೇ ಸಲ ಆತ ಚೀಟಿಯ ಮೇಲೆ ಏನೋ ಗೀಚಿ, ಪಕ್ಕದಲ್ಲಿದ್ದ ಮೇಸ್ತ್ರಿಗೆ ತೋರಿಸಿದ. ಇಬ್ಬರೂ ನಕ್ಕರಂತೆ.

"ನಗ್ತಾ ಇದ್ರು ಅಂದ್ಮೇಲೆ ದೊಡ್ಡ ಕಾಯಿಲೆ ಏನಲ್ಲ ಬಿಡು," ಎಂದಳು ಅಕ್ಕ, ಮನೆಗೆ ಬಂದು.

ನಾನು ಅಚ್ಚುಕೂಟದಲ್ಲಿ ಕರಡು ತಿದ್ದುವವಳು. ಗೊತ್ತಿಲ್ಲದ ಪದ ಕಂಡರೆ ಸುಮ್ಮನಿರಲಾಗದು. ಚೀಟಿಯಲ್ಲಿ ಎರಡೇ ಪದ: ಪ್ಲಂಬಮ್ ಆಸಿಲನ್ಸ್. ನಮ್ಮ ದಪ್ಪ ನಿಘಂಟಿನಲ್ಲಿ ಮೊದಲನೆಯದು ಸಿಕ್ಕಿತು. ಪ್ಲಂಬಮ್ ಅಂದರೆ ಲ್ಯಾಟಿನ್ನಿನಲ್ಲಿ ಸೀಸ. ಚೀಟಿ ಹಿಡಿದು ಔಷಧಿ ಅಂಗಡಿಗೆ ಓಡಿದೆ.

ಅಂಗಡಿಯವರು ಓದಿ ಫಕ್ಕನೆ ನಕ್ಕರು. ನನ್ನ ಮುಖ ನೋಡಿ ನಗು ನುಂಗಿಕೊಂಡರು.

"ಇದು ಕಾಯಿಲೆ ಅಲ್ಲಮ್ಮ, ಡಾಕ್ಟರುಗಳ ಕುಚೋದ್ಯ. ಹುಷಾರಿಲ್ಲ ಅಂತ ನಾಟಕ ಆಡಿ ಕೆಲಸ ತಪ್ಪಿಸ್ಕೊಳ್ಳೋರಿಗೆ ಇಂಗ್ಲಿಷಿನಲ್ಲಿ 'ಸೀಸ ತೂಗಾಡಿಸ್ತಾರೆ' ಅಂತಾರೆ. ಅದನ್ನೇ ಪದಕ್ಕೆ ಪದ ಲ್ಯಾಟಿನ್ನಿಗೆ ತಿರುಗಿಸಿದ್ದಾರೆ. ಪ್ಲಂಬಮ್ ಸೀಸ, ಆಸಿಲನ್ಸ್ ತೂಗಾಡೋದು. ಕಾಯಿಲೆಯವರಿಗೆ ತಿಳೀಬಾರದಲ್ಲ!"

ನನಗೆ ಮೈಯೆಲ್ಲ ಉರಿದುಹೋಯಿತು. ಜ್ವರ ಬಂದರೂ ಕೆಲಸ ಬಿಡದವಳು ನನ್ನ ಅಕ್ಕ.

"ಅಲ್ಲ, ಅವಳು ದಿನಾ ಸೀಸದಲ್ಲೇ ಕೈಯಾಡಿಸ್ತಾಳೆ. ಹೊಟ್ಟೆನೋವು, ಕೈ ಸೋಲ್ತಿದೆ. ನಿಜವಾಗ್ಲೂ ಸೀಸವೇ ಮೈಗೆ ಸೇರಿದ್ರೆ?"

ಅವರ ಮುಖ ಕಳೆಗುಂದಿತು. "ಇವತ್ತೇ ದೊಡ್ಡಾಸ್ಪತ್ರೆಗೆ ಕರ್ಕೊಂಡ್ಹೋಗಿ. ರಕ್ತ ಪರೀಕ್ಷೆ ಮಾಡ್ಸಿ."

ನಾಲ್ಕು ದಿನಕ್ಕೆ ವರದಿ ಬಂತು. ರಕ್ತದಲ್ಲಿ ಇರಬಾರದಷ್ಟು ಸೀಸ. ಅಕ್ಕನನ್ನು ಅಂದೇ ಆಸ್ಪತ್ರೆಗೆ ಸೇರಿಸಿಕೊಂಡರು. ಚೀಟಿಯ ಅರ್ಥ ಹೇಳಲು ನನಗೆ ಬಾಯಿ ಬರಲಿಲ್ಲ, ಭಾವ ಹೇಳಿದರು. ಅವಳು ಗೋಡೆಯ ಕಡೆ ತಿರುಗಿ ಮಲಗಿದಳು. "ಅವರು ನಕ್ಕಾಗ ನಾನೂ ನಕ್ಕಿದ್ದೆ ಕಣೆ," ಎಂದಳು.

ಮರುದಿನ ಬೆಳಿಗ್ಗೆ ಕಾರ್ಖಾನೆಯ ದವಾಖಾನೆಗೆ ನುಗ್ಗಿದೆ. ಇಪ್ಪತ್ತು ಹೆಂಗಸರು ಸಾಲಾಗಿ ನಿಂತಿದ್ದರು. ಸಾಲು ದಾಟಿ ಹೋಗಿ ಚೀಟಿಯನ್ನೂ ವರದಿಯನ್ನೂ ಮೇಜಿನ ಮೇಲೆ ಬಡಿದೆ.

"ಯಾರ್ರೀ ನೀವು?" ಡಾಕ್ಟರು ತಲೆಯೆತ್ತಿದ.

"ನಾಟಕ ಆಡ್ತಿದ್ದವಳ ತಂಗಿ. ಚೀಟೀಲಿ ಏನು ಬರ್ದಿದ್ದೀರೋ ಗಟ್ಟಿಯಾಗಿ ಓದಿ. ಇವ್ರಿಗೆಲ್ಲ ತಿಳಿಯೋ ಹಾಗೆ ಅರ್ಥನೂ ಹೇಳಿ."

ಆತ ಪಕ್ಕದಲ್ಲೇ ನಿಂತಿದ್ದ ಮೇಸ್ತ್ರಿಯ ಮುಖ ನೋಡಿದ. "ಅದು... ನಮ್ಮನಮ್ಮಲ್ಲಿ ಒಂದು ತಮಾಷೆ ಅಷ್ಟೆ."

"ತಮಾಷೆ ತಾನೆ? ಹೇಳಿ, ಎಲ್ರೂ ನಗಲಿ."

ಆತ ಚೀಟಿಗೆ ಕೈ ಚಾಚಿದ. ನಾನು ಅದರ ಮೇಲೆ ಅಂಗೈ ಒತ್ತಿದೆ. ನಾನೇ ಅರ್ಥ ಹೇಳಿದೆ, ಆಮೇಲೆ ರಕ್ತದ ವರದಿ ಓದಿದೆ. ಒಬ್ಬರೂ ನಗಲಿಲ್ಲ. ಹಿಂದಿನಿಂದ ವಯಸ್ಸಾದ ಹೆಂಗಸೊಬ್ಬಳು ಬಂದು ತನ್ನ ಚೀಟಿ ಬಿಡಿಸಿದಳು.

"ನಂದ್ರಲ್ಲಿ ಏನಿದೆ ನೋಡಮ್ಮ."

ಅದೇ ಎರಡು ಪದ. ಸಾಲಿನಲ್ಲಿದ್ದ ಇನ್ನೂ ಆರು ಜನರ ಚೀಟಿಯಲ್ಲೂ ಅದೇ.

ಆ ದಿನ ಹೆಂಗಸರು ಯಾರೂ ಬೆಸುಗೆ ಮುಟ್ಟಲಿಲ್ಲ. ಮ್ಯಾನೇಜರು ಕೆಳಗಿಳಿದು ಬರುವವರೆಗೆ ಅಂಗಳದಲ್ಲೇ ನಿಂತರು. ಎಲ್ಲರಿಗೂ ರಕ್ತ ಪರೀಕ್ಷೆಯಾಯಿತು. ಹನ್ನೊಂದು ಜನರ ಮೈಯಲ್ಲಿ ಸೀಸ ಏರಿತ್ತು. ಡಾಕ್ಟರನ್ನು ಕೆಲಸದಿಂದ ತೆಗೆದರು, ಸೀಸದ ಹೊಗೆ ಹೊರಗೆಳೆಯುವ ಯಂತ್ರ ಕೂರಿಸಿದರು. ಅಕ್ಕ ಆರು ವಾರದ ಮೇಲೆ ಮನೆಗೆ ಬಂದಳು. ಕೈ ಮೇಲೇಳುತ್ತದೆ, ಆದರೆ ಸೂಜಿಗೆ ದಾರ ಪೋಣಿಸಲಾಗದು.

"ಜೀವ ಉಳೀತಲ್ಲ, ಇನ್ನು ಬಿಟ್ಬಿಡು," ಎನ್ನುತ್ತಾರೆ ಭಾವ.

ಹೇಗೆ ಬಿಡಲಿ? ಆ ಡಾಕ್ಟರು ಪಕ್ಕದ ಊರಿನ ಬಣ್ಣದ ಕಾರ್ಖಾನೆಗೆ ಸೇರಿದ್ದಾನೆಂದು ನಿನ್ನೆ ತಿಳಿಯಿತು. ಬಣ್ಣಕ್ಕೂ ಸೀಸ ಬೆರೆಸುತ್ತಾರೆ. ನಾಳೆ ನನಗೆ ರಜೆ. ಆ ಚೀಟಿ ಹಿಡಿದು ಬೆಳಗಿನ ಬಸ್ಸಿಗೆ ಅಲ್ಲಿಗೆ ಹೊರಟಿದ್ದೇನೆ.