ರಾಣಿ ಬಿಟ್ಟುಹೋದ ಮೊಳೆ

ಆಗಸ್ಟ್ ತಿಂಗಳ ಒಂದು ಬುಧವಾರ ಸಂಜೆ ಐದೂ ಇಪ್ಪತ್ತಕ್ಕೆ ಮೆಲ್ಬರ್ನ್ ಕಡೆಯ ವಾರಿಂಡಾ ಊರಿನ ಬೌಲ್ಸ್ ಕ್ಲಬ್ಬಿನ ಗೋಡೆಯಿಂದ ರಾಣಿಯನ್ನು ಇಳಿಸಲಾಯಿತು. ಏಣಿ ಹತ್ತಿ ಪಟ ಇಳಿಸಿದವನು ಕ್ಲಬ್ಬಿನ ಅಧ್ಯಕ್ಷ ಲಿಯೊ ಮಲ್ಕಾಹಿ. ಕೆಳಗೆ ಏಣಿ ಹಿಡಿದು ನಿಂತವಳು ಕಾರ್ಯದರ್ಶಿ ಮರ್ಲ್ ಹಾರ್‌ಗ್ರೀವ್ಸ್. ಆ ಪಟ ಇಳಿಯಲೇಬೇಕೆಂದು ಲಿಯೊ ಇಪ್ಪತ್ತಮೂರು ವರ್ಷ ಗುದ್ದಾಡಿದ್ದ. ಇಳಿಯಬಾರದೆಂದು ಮರ್ಲ್ ಅಷ್ಟೇ ವರ್ಷ ಕಾವಲು ಕಾದಿದ್ದಳು. ಪಟದ ಗಾಜು ಒರೆಸುವ ಕೆಲಸವೂ ಅವಳದೇ ಆಗಿತ್ತು.

"ನಿಧಾನ ಕಣೋ. ಅವಳಿಗೆ ತೊಂಬತ್ತಾರು ವರ್ಷ," ಎಂದಳು ಮರ್ಲ್.

"ಫೋಟೊದಲ್ಲಿ ಇಪ್ಪತ್ತೆಂಟು," ಎಂದ ಲಿಯೊ.

ಪಟ ಇದ್ದ ಜಾಗದಲ್ಲಿ ಗೋಡೆಯ ಹಳೆಯ ಹಸಿರು ಬಣ್ಣ ಚೌಕಾಕಾರವಾಗಿ ಹೊಸದರಂತೆ ಉಳಿದಿತ್ತು. ಅದರ ಸುತ್ತಲಿನ ಗೋಡೆ ಎಪ್ಪತ್ತು ವರ್ಷಗಳ ಸಿಗರೇಟು ಹೊಗೆ ಮತ್ತು ಹುರಿದ ಈರುಳ್ಳಿಯ ಜಿಡ್ಡಿನಿಂದ ಬೇರೆಯೇ ಬಣ್ಣಕ್ಕೆ ತಿರುಗಿತ್ತು. ಲಿಯೊ ಅದನ್ನು ನೋಡುತ್ತ ಸ್ವಲ್ಪ ಹೊತ್ತು ಏಣಿಯ ಮೇಲೆಯೇ ನಿಂತ. ಎಪ್ಪತ್ತನಾಲ್ಕು ವರ್ಷದ ಬದುಕಿನಲ್ಲಿ ಅವನು ಗೆದ್ದ ಮೊದಲ ಮತದಾನ ಅದು.

ಲಿಯೊ ಊರಿನ ಹೈಸ್ಕೂಲಿನಲ್ಲಿ ಬಡಗಿ ಕೆಲಸ ಕಲಿಸುತ್ತಿದ್ದ ಮೇಷ್ಟರು. ಐರಿಶ್ ಮೂಲದ, ಬ್ರಿಟಿಷ್ ದೊರೆತನ ಒಪ್ಪದ ಮನೆ. ಸಿನಿಮಾ ಶುರುವಾಗುವ ಮೊದಲು ರಾಣಿಯ ಹಾಡು ಹಾಕಿದಾಗ ಇಡೀ ಟಾಕೀಸು ಎದ್ದು ನಿಂತರೂ ಮಲ್ಕಾಹಿಗಳ ಸಾಲು ಮಾತ್ರ ಕೂತೇ ಇರುತ್ತಿತ್ತು. ಹಾಗೆ ಕೂರುವುದೇ ದೇಶಪ್ರೇಮವೆಂದು ಅವನ ಅಪ್ಪ ಹೇಳಿಕೊಟ್ಟಿದ್ದ. ೧೯೯೯ರಲ್ಲಿ ಬ್ರಿಟಿಷ್ ರಾಣಿಯನ್ನು ಬಿಟ್ಟು ದೇಶ ಗಣರಾಜ್ಯವಾಗಬೇಕೇ ಬೇಡವೇ ಎಂದು ಜನಮತಗಣನೆ ನಡೆದಾಗ ಲಿಯೊ ನವೆಂಬರ್ ಬಿಸಿಲಲ್ಲಿ ಮನೆಮನೆ ಹತ್ತಿಳಿದ. ಗಣರಾಜ್ಯ ಸೋತಿತು. ರಾಣಿಯನ್ನು ಬಯಸಿದವರಿಂದ ಸೋತದ್ದಲ್ಲ ಎಂಬುದು ಅವನ ಖಚಿತ ಅಭಿಪ್ರಾಯ. ಗಣರಾಜ್ಯ ಬೇಕು, ಆದರೆ ಇಂಥದ್ದು ಬೇಡ, ಅಧ್ಯಕ್ಷರನ್ನು ಸಂಸತ್ತಲ್ಲ, ನಾವೇ ಆರಿಸಬೇಕು ಎಂದು ಹಟ ಹಿಡಿದು ವಿರುದ್ಧ ಮತ ಹಾಕಿದವರಿಂದ ಸೋತದ್ದು. ಇಪ್ಪತ್ತನಾಲ್ಕು ವರ್ಷದಿಂದ ಅವನು ಅವರನ್ನು ಬೈಯುತ್ತಿದ್ದ. ಬಾರಿನಲ್ಲಿ ಹೊಸಬರು ಯಾರಾದರೂ ಪಕ್ಕದಲ್ಲಿ ಕೂತರೆ ಎರಡನೇ ಗ್ಲಾಸಿಗೆ ಈ ವಿಷಯ ಬರುತ್ತಿತ್ತು.

ದೇಶ ಕೈತಪ್ಪಿದ ಮೇಲೆ ಕ್ಲಬ್ಬಾದರೂ ಸಿಗಲಿ ಎಂದು ಅವನು ಮರುವರ್ಷದಿಂದ ಪ್ರತಿ ವಾರ್ಷಿಕ ಸಭೆಯಲ್ಲಿ ಒಂದೇ ನಿರ್ಣಯ ಮಂಡಿಸುತ್ತ ಬಂದ: ಊಟದ ಹಾಲಿನಲ್ಲಿರುವ ರಾಣಿಯ ಪಟ ತೆಗೆಯತಕ್ಕದ್ದು. ಪ್ರತಿ ವರ್ಷವೂ ಅದು ಬಿದ್ದುಹೋಗುತ್ತಿತ್ತು. ಅದರ ಸುದ್ದಿ ಕ್ಲಬ್ಬಿನ ವಾರ್ತಾಪತ್ರದಲ್ಲಿ, ಮಾಂಸವೇ ಬಹುಮಾನವಾಗಿರುವ ವಾರದ ಮಾಂಸದ ಲಾಟರಿ ಗೆದ್ದವರ ಹೆಸರಿನ ಕೆಳಗೆ ಬರುತ್ತಿತ್ತು.

ಈ ವರ್ಷ ಗೆದ್ದದ್ದು ಮರ್ಲ್‌ಳಿಂದ. ರಾಣಿ ತೀರಿಹೋಗಿ ಆಗಲೇ ಹನ್ನೊಂದು ತಿಂಗಳಾಗಿತ್ತು.

"ಈ ಸಲ ನಾನು ನಿನ್ನ ಕಡೆ," ಎಂದು ಸಭೆಗೆ ಮೊದಲೇ ಅವಳು ಹೇಳಿದ್ದಳು.

"ಮೈ ಹುಷಾರಿಲ್ವಾ?"

"ಎಂಬತ್ಮೂರಕ್ಕೆ ಎಷ್ಟು ಹುಷಾರಿರಬೇಕೋ ಅಷ್ಟಿದ್ದೀನಿ. ನನಗೆ ಬೇಕಾಗಿದ್ದಿದ್ದು ಆ ಹೆಂಗಸು, ಅವರ ಮನೆತನದ ಅಂಗಡಿ ಅಲ್ಲ. ಅವಳ ಮೊಳೆಗೆ ಮಗ ಬಂದು ನೇತಾಕ್ಕೊಳ್ಳೋದು ನನಗೆ ಇಷ್ಟ ಇಲ್ಲ. ಅವಳನ್ನ ನಾನು ಮನೆಗೆ ಕರ್ಕೊಂಡು ಹೋಗ್ತೀನಿ. ಮೊಳೆ ನೀನಿಟ್ಕೊ."

ರಾಣಿಯ ಪಕ್ಷದ ಅರ್ಧಕ್ಕರ್ಧ ಮರ್ಲ್ ಹಿಂದೆ ಬಂತು. ನಿರ್ಣಯ ಗೆದ್ದಿತು. ಲಿಯೊ ಇಂಥ ದಿನಕ್ಕೆಂದೇ ಒಂದು ಭಾಷಣ ಸಿದ್ಧಪಡಿಸಿ ಇಟ್ಟುಕೊಂಡಿದ್ದ. ಅವನು ಕನ್ನಡಕ ಹುಡುಕುವಷ್ಟರಲ್ಲಿ ಅಡುಗೆಮನೆಯಿಂದ ಟುಯೆಟ್ ತಲೆ ಹೊರಹಾಕಿ, "ಶ್ನಿಟ್ಜೆಲ್ ರೆಡಿ, ಆರಿದ್ರೆ ನನ್ನ ಕೇಳ್ಬೇಡಿ," ಎಂದಳು. ಸಭೆ ಎದ್ದುಹೋಯಿತು. ಟುಯೆಟ್ ವಿಯೆಟ್ನಾಮಿನಿಂದ ಏಳು ವರ್ಷದವಳಿದ್ದಾಗ ಬಂದವಳು. ಕ್ಲಬ್ಬಿನ ಅಡುಗೆಮನೆ ವಹಿಸಿಕೊಂಡು ಹದಿನೈದು ವರ್ಷವಾಗಿತ್ತು. ಸದಸ್ಯರಲ್ಲಿ ಬಹುಪಾಲು ಜನ ಬರುತ್ತಿದ್ದದ್ದು ಹುಲ್ಲಿನ ಮೇಲೆ ಚೆಂಡು ಉರುಳಿಸಲು ಅಲ್ಲ, ಬ್ರೆಡ್ ಪುಡಿ ಹಚ್ಚಿ ಕರಿದ ಅವಳ ಕೋಳಿ ಶ್ನಿಟ್ಜೆಲ್ ತಿನ್ನಲು. ಇದು ಎಲ್ಲರಿಗೂ ಗೊತ್ತಿತ್ತು, ಬಾಯಿಬಿಟ್ಟು ಹೇಳುತ್ತಿರಲಿಲ್ಲ.

ತಟ್ಟೆ ಖಾಲಿಯಾದ ಮೇಲೆ ಗ್ರೇಮ್ ಪಾಸ್ಕೊ ನಿಯಮಾವಳಿ ಹಿಡಿದುಕೊಂಡು ಬಂದ. ಅವನು ನಿವೃತ್ತ ಪೊಲೀಸ್ ಸಾರ್ಜೆಂಟ್. ಕಾಗದ ಓದುವಾಗ ಈಗಲೂ ದೋಷಾರೋಪ ಓದುವ ದನಿ.

"ಹನ್ನೊಂದನೇ ನಿಯಮ ಕೇಳು ಲಿಯೊ. ಪೂರ್ವದ ಗೋಡೆಯಲ್ಲಿ ರಾಜ ಅಥವಾ ರಾಣಿಯ ಪಟ ಇರತಕ್ಕದ್ದು. ಬೇರೆ ಪಟ ಹಾಕೋದಾದ್ರೆ ಸಭೇಲಿ ಹಾಜರಿದ್ದವರ ಮೂರನೇ ಎರಡು ಪಾಲು ಒಪ್ಪಿಗೆ ಬೇಕು. ಋತುವಿನ ಮೊದಲ ಪಂದ್ಯದ ದಿನ ಗೋಡೆ ಖಾಲಿ ಇರಕೂಡದು."

"ಇದು ಯಾವಾಗಿನಿಂದ ಇದೆ?"

"ಐವತ್ತಾರರಿಂದ."

ಇಪ್ಪತ್ತಮೂರು ವರ್ಷ ಸೋಲುತ್ತಲೇ ಬಂದಿದ್ದರಿಂದ, ಗೆದ್ದರೆ ಮುಂದೇನು ಎಂದು ನೋಡುವ ಅಗತ್ಯ ಯಾರಿಗೂ ಬಿದ್ದಿರಲಿಲ್ಲ. ಲಿಯೊಗೂ ಬಿದ್ದಿರಲಿಲ್ಲ. ರಾಜನ ಪಟವಂತೂ ಸಂಸದರ ಕಚೇರಿಯಿಂದ ಬಿಟ್ಟಿಯಾಗಿ ಬಂದು, ರಟ್ಟಿನ ಕೊಳವೆಯೊಳಗೆ ಸುರುಳಿಯಾಗಿ, ಬಾರಿನ ಹಿಂದೆ ಛತ್ರಿಗಳ ಜೊತೆ ಕಾಯುತ್ತ ನಿಂತಿತ್ತು. ಮೊದಲ ಪಂದ್ಯ ಅಕ್ಟೋಬರ್ ಮೂರನೇ ಶನಿವಾರ. ಅಷ್ಟರೊಳಗೆ ಮೂರನೇ ಎರಡು ಪಾಲು ಸದಸ್ಯರು ಒಪ್ಪುವ ಒಂದು ಪಟ ಸಿಗದಿದ್ದರೆ ಲಿಯೊನ ಜೀವಮಾನದ ಏಕೈಕ ಗೆಲುವು ಆ ಕೊಳವೆಯಿಂದ ಹೊರಬರುವವನ ಪಾಲಾಗುತ್ತಿತ್ತು.

ಲಿಯೊ ಹೆದರಲಿಲ್ಲ. ತನ್ನ ದೇಶ ಏನೆಂದು ಹೇಳಲು ಒಂದು ಪಟ ಹುಡುಕುವುದು ಎಷ್ಟರ ಕೆಲಸ ಎಂದುಕೊಂಡ. ಮನೆಗೆ ಹೋಗಿ, ಕೆಂಪು ಯೂಕಲಿಪ್ಟಸ್ ಹಲಗೆಯಲ್ಲಿ, ರಾಷ್ಟ್ರೀಯ ಹೂವಾದ ವಾಟಲ್‌ನ ಒಂದು ಕೊಂಬೆ ಕೆತ್ತಲು ಕೂತ. ಯಾರ ಮುಖವೂ ಇಲ್ಲ, ಯಾರ ರಕ್ತವೂ ಇಲ್ಲ, ಯಾರೂ ತಕರಾರು ತೆಗೆಯುವಂತಿಲ್ಲ. ಆರು ವಾರ ಹಿಡಿಯಿತು. ತಂದು ತೋರಿಸಿದಾಗ ಮರ್ಲ್ ತಲೆ ಓರೆ ಮಾಡಿ ನೋಡಿದಳು.

"ಹೂಕೋಸು ಚೆನ್ನಾಗಿ ಬಂದಿದೆ."

"ಅದು ವಾಟಲ್, ಮರ್ಲ್."

"ವಾಟಲ್ಲಾ? ನನಗೆ ಅದರ ಪಕ್ಕ ಕೂತ್ರೆ ಸೀನು ಬರುತ್ತೆ. ಇದನ್ನ ನೋಡಿದ್ರೂ ಬರೋ ಹಾಗಿದೆ."

ಉಳಿದವರಿಗೆ ಬೇರೆ ಬೇರೆ ಆಸೆಗಳಿದ್ದವು. ಗ್ರೇಮ್‌ಗೆ ಮೊದಲ ಮಹಾಯುದ್ಧದ ಗಲಿಪೊಲಿ ಕದನದ ಸಿಪಾಯಿ ಬೇಕಿತ್ತು. ಆ ಕದನ ನಾವು ಸೋತದ್ದು, ಅದೂ ಬ್ರಿಟಿಷ್ ಜನರಲ್‌ಗಳ ಮಾತು ಕೇಳಿ, ಎಂದು ಲಿಯೊ ನೆನಪಿಸಿದ. ಬಾರಿನ ಖಾಯಂ ಗಿರಾಕಿಗಳು ಹಾಡುಕತೆಗಳಲ್ಲಿ ನಾಯಕನಾಗಿಬಿಟ್ಟಿದ್ದ, ಕಬ್ಬಿಣದ ಶಿರಸ್ತ್ರಾಣದ ಹಳೆಯ ದರೋಡೆಕೋರನೇ ಆಗಬೇಕೆಂದರು. ಅವನ ಗುಂಪು ಮೂವರು ಪೊಲೀಸರನ್ನು ಕೊಂದದ್ದನ್ನು ಗ್ರೇಮ್ ಎತ್ತಿದ. ಮಾತು ಅಲ್ಲಿಗೆ ನಿಂತಿತು. ಸೋತ ಯುದ್ಧ, ನೇಣಿಗೇರಿದ ಕಳ್ಳ, ಅಲರ್ಜಿ ತರುವ ಹೂವು: ನಮ್ಮ ದೇಶದ ಬಂಡವಾಳ ಇಷ್ಟೇ ಏನು ಎಂದು ಲಿಯೊಗೆ ಒಮ್ಮೆ ಅನ್ನಿಸಿತು. ಆ ಯೋಚನೆಯನ್ನು ಅವನು ಮುಂದುವರಿಸಲಿಲ್ಲ.

ಕೊನೆಗೆ ಅವನಿಗೆ ಒಂದು ಹೊಳೆಯಿತು. ಕ್ಲಬ್ಬಿನ ಅತ್ಯುತ್ತಮ ಆಟಗಾರ್ತಿ ನೊರೀನ್. ಊರು ಹುಟ್ಟುವ ಎಷ್ಟೋ ಸಾವಿರ ವರ್ಷ ಮೊದಲಿಂದ ಆ ನೆಲದಲ್ಲಿದ್ದ ಜನರ ಹಿರಿಯಳು. ಇಡೀ ಊರು ಅವಳನ್ನು ಆಂಟಿ ಎಂದೇ ಕರೆಯುತ್ತಿತ್ತು. ಅಂಕಣದ ಅಂಚಿನಲ್ಲಿ ಚೆಂಡು ಒರೆಸುತ್ತ ಕೂತಿದ್ದವಳ ಹತ್ತಿರ ಹೋಗಿ ಲಿಯೊ ಟೋಪಿ ತೆಗೆದ.

"ಆಂಟಿ, ಆ ಗೋಡೆಗೆ ನಿಮ್ಮ ಪಟ ಹಾಕಿದ್ರೆ ಹೇಗೆ?"

"ಕಾಸು ನುಂಗೋ ಜೂಜಿನ ಮಿಷನ್‌ಗಳ ಮೇಲುಗಡೆನಾ?"

"ಅದರ ಸ್ವಲ್ಪ ಪಕ್ಕಕ್ಕೆ."

"ಬೇಡಪ್ಪ. ರಾಣಿ ಅಲ್ಲಿದ್ದಾಗ ದೂರು ಯಾರಿಗೆ ಹೇಳಬೇಕು ಅಂತ ನನಗೆ ಗೊತ್ತಿತ್ತು. ನನ್ನನ್ನೇ ಅಲ್ಲಿ ಕೂರಿಸಿದ್ರೆ ನಾನು ಯಾರಿಗೆ ಹೇಳಲಿ?" ಅವಳು ಚೆಂಡನ್ನು ಬೆಳಕಿಗೆ ಹಿಡಿದು ನೋಡಿದಳು. "ಆಮೇಲೆ ನೀವೆಲ್ಲ ಕುಡಿದು ನನ್ನ ಮುಂದೆ ಅಳೋಕೆ ಶುರು ಮಾಡ್ತೀರಿ."

ವಿಶೇಷ ಸಭೆ ಸೇರಿದ್ದು ಅಕ್ಟೋಬರ್ ಹದಿನೆಂಟರ ಬುಧವಾರ. ಅದಕ್ಕೆ ನಾಲ್ಕು ದಿನ ಮೊದಲು ದೇಶ ಇನ್ನೊಂದು ಜನಮತಗಣನೆ ನಡೆಸಿತ್ತು. ಮೂಲನಿವಾಸಿಗಳ ಮಾತನ್ನು ಸಂಸತ್ತಿಗೆ ತಲುಪಿಸಲು ಸಂವಿಧಾನದಲ್ಲಿ ಒಂದು ಮಂಡಳಿ ಇರಲಿ ಎಂಬ ಪ್ರಶ್ನೆಗೆ ದೇಶ ಬೇಡ ಎಂದಿತ್ತು. ವಾರಿಂಡಾ ಇನ್ನೂ ಗಟ್ಟಿಯಾಗಿ ಬೇಡ ಎಂದಿತ್ತು. ಆಂಟಿ ನೊರೀನ್ ಸಭೆಗೆ ಬಂದು ಕೊನೆಯ ಸಾಲಿನಲ್ಲಿ ಕೂತು ಹೆಣಿಗೆ ತೆಗೆದಳು.

"ನಾನು ಈ ವಾರ ಯಾವುದಕ್ಕೂ ಕೈ ಎತ್ತಲ್ಲ. ಊಟಕ್ಕೆ ಬಂದಿದ್ದೀನಿ," ಎಂದಳು.

ಕೆಲವರು ತಮ್ಮ ಬೂಟು ನೋಡಿಕೊಂಡರು.

ಹಾಜರಿದ್ದವರು ಇಪ್ಪತ್ತೇಳು. ಬೇಕಾದದ್ದು ಹದಿನೆಂಟು ಕೈ. ಗ್ರೇಮ್‌ನ ಸಿಪಾಯಿಗೆ ಹನ್ನೆರಡು ಬಂದವು. ಲಿಯೊನ ವಾಟಲ್‌ಗೆ ಐದು, ಅದರಲ್ಲಿ ಒಂದು ಅವನದೇ. ಇನ್ನು ಕೊಳವೆಯೇ ಗತಿ ಎಂದು ಗ್ರೇಮ್ ಬಾರಿನ ಕಡೆ ನೋಡುವಾಗ ಟುಯೆಟ್ ಏಪ್ರನ್‌ನಲ್ಲಿ ಕೈ ಒರೆಸುತ್ತ ಎದ್ದು ನಿಂತಳು. ಅವಳ ಕಂಕುಳಲ್ಲಿ ಗಾಜು ಹಾಕಿಸಿದ ಒಂದು ಪಟವಿತ್ತು. ಅದರಲ್ಲಿ ಫಾರ್ ಲ್ಯಾಪ್ ಎಂಬ ಹಳೆಯ ಕಾಲದ ರೇಸಿನ ಕುದುರೆ.

"ನನಗೆ ಭಾಷಣ ಬರಲ್ಲ. ಇಲ್ಲಿಗೆ ಬಂದ ವರ್ಷ ನಮ್ಮನ್ನ ಶಾಲೆಯಿಂದ ಮ್ಯೂಸಿಯಂಗೆ ಕರ್ಕೊಂಡು ಹೋಗಿದ್ರು. ಅಲ್ಲಿ ಗಾಜಿನ ಪೆಟ್ಟಿಗೇಲಿ, ಸತ್ತ ಮೇಲೆ ಚರ್ಮ ತುಂಬಿ ನಿಲ್ಲಿಸಿದ ಈ ಕುದುರೆ. ನಮ್ಮ ಕ್ಲಾಸಿನ ಹುಡುಗರು ಬಾಯಿ ಮುಚ್ಕೊಂಡು ನಿಂತ್ಕೊಂಡ್ರು. ಆ ಹುಡುಗರು ಬಾಯಿ ಮುಚ್ಚಿದ್ದು ನಾನು ನೋಡಿದ್ದು ಅದೊಂದೇ ಸಲ. ಓ, ಇವರ ದೇವರು ಇದು ಅಂದ್ಕೊಂಡೆ."

ಹಾಲು ನಕ್ಕಿತು. ಆ ನಗುವಿನಲ್ಲಿ ಒಪ್ಪಿಗೆ ಇತ್ತು. ಲಿಯೊಗೂ ಅದು ಕೇಳಿಸಿತು. ಕುದುರೆ ಗೆಲ್ಲುತ್ತದೆ, ರಾಜ ಕೊಳವೆಯಲ್ಲೇ ಉಳಿಯುತ್ತಾನೆ, ಎಲ್ಲ ಸರಿಹೋಯಿತು ಎಂದುಕೊಂಡ. ಸರಿಹೋಗಿದ್ದರಿಂದಲೇ ಇರಬೇಕು, ಒಂದು ಸಣ್ಣ ತಿದ್ದುಪಡಿ ದಾಖಲಾದರೆ ಯಾರಿಗೂ ನಷ್ಟವಿಲ್ಲ ಎಂದೂ ಅನ್ನಿಸಿತು.

"ಒಂದು ವಿಷಯ," ಎಂದ. "ಅದು ನ್ಯೂಜಿಲೆಂಡಿನಲ್ಲಿ ಹುಟ್ಟಿದ ಕುದುರೆ."

"ಇರಲಿ ಬಿಡೋ," ಎಂದಳು ಮರ್ಲ್.

"ಚರ್ಮ ಮೆಲ್ಬರ್ನಿನಲ್ಲಿದೆ, ಹೃದಯ ಕ್ಯಾನ್ಬೆರಾದಲ್ಲಿ, ಮೂಳೆ ನ್ಯೂಜಿಲೆಂಡಿನಲ್ಲಿ. ಸತ್ತಿದ್ದು ಅಮೆರಿಕದಲ್ಲಿ. ನಮ್ಮ ದೇಶದ ಗುರುತು ಅಂತ ಒಂದು ಹಾಕೋದಾದ್ರೆ ಅದು ನಮ್ಮದೇ ಆಗಿರಬೇಕಲ್ವಾ?"

"ನಾನೂ ಇಲ್ಲಿ ಹುಟ್ಟಿದೋಳಲ್ಲ ಲಿಯೊ," ಎಂದಳು ಟುಯೆಟ್.

"ನಿನ್ನ ವಿಷಯ ಬೇರೆ."

"ಹೇಗೆ ಬೇರೆ?"

ಲಿಯೊ ಉತ್ತರ ಹುಡುಕಿದ. ಸಿಕ್ಕ ಉತ್ತರ ಬಾಯಿಂದ ಹೊರಬಿದ್ದ ಮೇಲೆಯೇ ಅದು ಎಂಥದೆಂದು ಅವನಿಗೆ ತಿಳಿದದ್ದು. "ನಿನ್ನನ್ನ ಯಾರೂ ಗೋಡೆಗೆ ಹಾಕ್ತಿಲ್ಲವಲ್ಲ."

"ಅದೂ ನಿಜ," ಎಂದು ಟುಯೆಟ್ ಕೂತುಬಿಟ್ಟಳು.

"ಒಪ್ಪೋರು ಕೈ ಎತ್ತಿ," ಎಂದಳು ಮರ್ಲ್. ಲಿಯೊ ತನ್ನ ಎರಡೂ ಕೈಗಳನ್ನು ವಾಟಲ್ ಹಲಗೆಯ ಮೇಲೆ ಇಟ್ಟುಕೊಂಡೇ ಕೂತ. ಕುದುರೆ ಹೇಗೂ ಗೆಲ್ಲುತ್ತದೆ. ತತ್ವಕ್ಕೆ ಒಂದು ಕೈ ಕೆಳಗಿದ್ದರೆ ಚೆನ್ನ. ಮರ್ಲ್ ಸಾಲು ಸಾಲಾಗಿ ಬೆರಳು ತೋರಿಸಿ ಎಣಿಸಿದಳು. ಇನ್ನೊಮ್ಮೆ ಎಣಿಸಿದಳು.

"ಹದಿನೇಳು. ಬಿದ್ದುಹೋಯ್ತು."

ಲಿಯೊ ಕೊನೆಯ ಸಾಲಿನತ್ತ ನೋಡಿದ. ಆಂಟಿ ನೊರೀನ್ ತಲೆ ಎತ್ತದೆ ಹೆಣೆಯುತ್ತಿದ್ದಳು. ಅವಳನ್ನು ಕೇಳುವ ಮುಖ ಆ ಹಾಲಿನಲ್ಲಿ ಯಾರಿಗೂ ಇರಲಿಲ್ಲ, ಆ ವಾರವಂತೂ ಇರಲಿಲ್ಲ. ಉಳಿದದ್ದು ಒಂದೇ ಕೈ.

"ನಾನು ಈಗ ಎತ್ತಬಹುದಾ?" ಎಂದು ಲಿಯೊ ಕೇಳಿದ.

"ಫಲಿತಾಂಶ ಓದಿ ಆಯ್ತು," ಎಂದ ಗ್ರೇಮ್.

"ಇನ್ನೊಂದು ಸಲ ಮತಕ್ಕೆ ಹಾಕಿದ್ರೆ?"

"ಅದೇ ವಿಷಯ ಒಂದೇ ಸಭೇಲಿ ಎರಡು ಸಲ ಹಾಕೋ ಹಾಗಿಲ್ಲ. ಆ ನಿಯಮ ತಂದವನು ನೀನೇ."

ಅದೂ ನಿಜವಾಗಿತ್ತು. ಹಿಂದೊಮ್ಮೆ ಮಾಂಸದ ಲಾಟರಿಯನ್ನು ಶುಕ್ರವಾರಕ್ಕೆ ಬದಲಿಸುವ ಗಲಾಟೆಯಲ್ಲಿ, ಮತಕ್ಕೆ ಹಾಕದೆ, ಅಧ್ಯಕ್ಷನ ಆಜ್ಞೆಯಾಗಿ ತಂದಿದ್ದ.

ಮರ್ಲ್ ಪಕ್ಕದ ಕುರ್ಚಿ ಎಳೆದುಕೊಂಡು ಕೂತಳು. "ಲಿಯೊ, ತೊಂಬತ್ತೊಂಬತ್ತರಲ್ಲಿ ಸೋತಾಗ ನೀನು ಬೈತಿದ್ದೆಯಲ್ಲ, ಇದಕ್ಕಿಂತ ಒಳ್ಳೇದು ಬೇಕು ಅಂತ ಕೈಗೆ ಬಂದಿದ್ದನ್ನೂ ಬಿಟ್ಟವರನ್ನ. ಅವರನ್ನ ಏನಂತ ಕರೀತಿದ್ದೆ?"

"ಕತ್ತೆಗಳು."

"ಕತ್ತೆಗಳು ಮಾತ್ರಾನಾ?"

"ಹಠಮಾರಿ ಕತ್ತೆಗಳು."

"ಹಾಂ, ಅದೇ. ನಡಿ, ಶ್ನಿಟ್ಜೆಲ್ ಆರುತ್ತೆ."

ಶ್ನಿಟ್ಜೆಲ್ ಆ ದಿನ ಬಿಸಿಯಾಗಿಯೇ ಇತ್ತು. ಟುಯೆಟ್ ಎಲ್ಲರಿಗೂ ಬಡಿಸಿದ ಹಾಗೆಯೇ ಲಿಯೊಗೂ ಬಡಿಸಿದಳು. ಅವನು ತಟ್ಟೆ ಹಿಡಿದು ನಿಂತೇ ಇದ್ದ.

"ಟುಯೆಟ್, ನಾನು ಹೇಳಿದ್ದು..."

"ಗೊತ್ತು. ಸರಿಯಾಗೇ ಹೇಳಿದೆ. ಕುದುರೆ ನ್ಯೂಜಿಲೆಂಡಿಂದೇ. ಸಾಸ್ ಬೇಕಾ?"

ಅವನು ಸಾಸ್ ಹಾಕಿಸಿಕೊಂಡ.

ಶನಿವಾರ ಬೆಳಗ್ಗೆ ಪಂದ್ಯಕ್ಕೆ ಮೊದಲು ಲಿಯೊ ತಾನೇ ಏಣಿ ಹಾಕಿ ರಾಜನನ್ನು ತೂಗುಹಾಕಿದ. ಅಧ್ಯಕ್ಷನ ಕೆಲಸವೆಂದು ನಿಯಮದಲ್ಲಿತ್ತು. ಚೌಕಟ್ಟು ಮಾಡಿಕೊಟ್ಟವನೂ ಅವನೇ, ಏಕೆಂದರೆ ಊರಿನಲ್ಲಿ ಮೂಲೆಗಳನ್ನು ಸರಿಯಾಗಿ ಕೂಡಿಸುವವರು ಬೇರೆ ಯಾರೂ ಇರಲಿಲ್ಲ. ಪಟ ಒಂದು ಕೂದಲೆಳೆ ಎಡಕ್ಕೆ ವಾಲಿತ್ತು. ಹಾಗೆಯೇ ಬಿಟ್ಟುಬಿಡಬೇಕೆಂದು ಕೆಳಗಿಳಿದ. ಬಿಡಲಾಗಲಿಲ್ಲ. ಮತ್ತೆ ಹತ್ತಿ ರಸಮಟ್ಟ ಇಟ್ಟು ನೆಟ್ಟಗೆ ಮಾಡಿದ. ಕೆಳಗೆ ಏಣಿ ಹಿಡಿದಿದ್ದ ಮರ್ಲ್ ಮೇಲೆ ನೋಡಲಿಲ್ಲ. ಆ ಮಧ್ಯಾಹ್ನ ಅವರಿಬ್ಬರೂ ಜೋಡಿಯಾಗಿ ಆಡಿ ಆರು ಅಂಕಗಳಿಂದ ಸೋತರು.

ಮುಂದಿನ ಆಗಸ್ಟಿನ ವಾರ್ಷಿಕ ಸಭೆಯಲ್ಲಿ ಲಿಯೊ ಮತ್ತೆ ನಿರ್ಣಯ ತಂದ. ಈ ಸಲ ಅದರಲ್ಲೇ ಕುದುರೆಯ ಹೆಸರನ್ನೂ ಸೇರಿಸಿದ್ದ. ಅನುಮೋದಿಸುವವರು ಸಿಗದೆ ಅದು ಚರ್ಚೆಗೆ ಬರಲಿಲ್ಲ. ಅಷ್ಟರಲ್ಲಿ ಟುಯೆಟ್ ರಸ್ತೆಯಾಚೆಯ ಗಾಲ್ಫ್ ಕ್ಲಬ್ಬಿನ ಅಡುಗೆಮನೆ ವಹಿಸಿಕೊಂಡಿದ್ದಳು. ಬೌಲ್ಸ್ ಕ್ಲಬ್ಬಿನ ಒಂಬತ್ತು ಮಂದಿ ಸದಸ್ಯರು ಅವಳ ಹಿಂದೆ ಹೋದರು. ಕುದುರೆ ಅಲ್ಲಿನ ಊಟದ ಹಾಲಿನ ಗೋಡೆಯ ಮೇಲಿದೆ.