ಕೋಣೆಯ ಸದ್ದು

ತಲೆ ತಗ್ಗಿಸುವ ಮೊದಲು ವಿನೆಟ್ಟಾ ರೆಕಾರ್ಡರಿನ ವಿರಾಮದ ಗುಂಡಿ ಒತ್ತಿದಳು. ಮುದುಕ ಟಾಲಿವರ್ ಆಗಲೇ ಕಣ್ಣು ಮುಚ್ಚಿ ಪ್ರಾರ್ಥನೆ ಶುರುಮಾಡಿದ್ದರು. ಪ್ರಾರ್ಥನೆಯ ಹೊತ್ತಿಗೆ ಅವಳ ಅಜ್ಜಿ ರೇಡಿಯೊವನ್ನೂ ನಿಲ್ಲಿಸುತ್ತಿದ್ದಳು. ವಿನೆಟ್ಟಾಗೆ ದೇವರ ಮೇಲಿನ ನಂಬಿಕೆ ಹೋಗಿ ಹದಿನೈದು ವರ್ಷವಾಗಿತ್ತು. ಅಜ್ಜಿಯ ಮೇಲಿನ ಭಯ ಹೋಗಿರಲಿಲ್ಲ.

ಆಮೆನ್ ಎಂದು ಅವರು ಟೈ ಸರಿಮಾಡಿಕೊಂಡರು. "ಚಿತ್ರ ಇಲ್ಲ, ಬರೀ ಧ್ವನಿ ಅಂತ ಮೊದ್ಲೇ ಹೇಳ್ಬಾರ್ದಾ ಮಗಳೇ? ಈ ಸೆಕೇಲಿ ಸೂಟು ಹಾಕ್ಕೊಂಡು ಕೂತಿದ್ದೀನಿ."

"ಚೆನ್ನಾಗಿ ಕಾಣ್ತೀರಿ, ಸರ್."

"ನೀನು ಯಾರ ಪೈಕಿ?"

"ಗ್ರಂಥಾಲಯದಿಂದ."

"ಅದು ಗೊತ್ತು. ನಿನ್ನೋರು ಯಾರು ಅಂದೆ."

"ಈಗ ಯಾರೂ ಇಲ್ಲ. ಶುರುಮಾಡೋಣವಾ?"

ಕೊರಿಯಾ ಯುದ್ಧಕ್ಕೆ ಹೋದ ಊರಿನ ಕಪ್ಪು ಸೈನಿಕರಲ್ಲಿ ಉಳಿದವರು ಇವರೊಬ್ಬರೇ. ಅಲ್ಲಿ ಅವರದು ಸತ್ತವರನ್ನು ಹುಡುಕಿ ಹೂಳುವ ಕೆಲಸ. ಹೆಂಡತಿಗೂ ಹೇಳದ್ದನ್ನು ಹೇಳಲು ಮೂರು ತಿಂಗಳು ಸತಾಯಿಸಿ ಇವತ್ತು ಒಪ್ಪಿದ್ದರು.

"ಒಂದೇ ಸಲ ಹೇಳ್ತೀನಿ. ಮತ್ತೆ ಬಂದು ಕೇಳ್ಬೇಡ."

ಹೇಳಿದರು. ವಿನೆಟ್ಟಾ ತಲೆಯಾಡಿಸುತ್ತ ಹೋದಳು. ಯಂತ್ರ ಕೇಳುತ್ತಿದೆಯಲ್ಲ, ತಾನೇಕೆ ಕೇಳಬೇಕು? ಗ್ರಂಥಾಲಯಕ್ಕಾಗಿ ನಲವತ್ತೊಂದು ಜನರ ನೆನಪುಗಳನ್ನು ಹೀಗೇ ಧ್ವನಿಮುದ್ರಿಸಿ ಮುಗಿಸಿದ್ದಳು. ಮನಸ್ಸು ತನ್ನ ಮನೆಗೆ ಹೋಗಿ, ತೊಳೆಯದ ಒಂದು ತಟ್ಟೆ, ಒಂದು ಲೋಟ ನೋಡಿಕೊಂಡು ಬಂತು. ಹಿಮ ಎಂಬ ಮಾತು ಕಿವಿಗೆ ಬಿತ್ತು. ಕೈಗವಸು. ಒಬ್ಬ ಗೆಳೆಯನ ಹೆಸರು. ಟಾಲಿವರ್ ಅತ್ತರು. ಅವಳು ಕರವಸ್ತ್ರ ಕೊಟ್ಟಳು.

"ಅವನನ್ನ ಹೆಸರಿಲ್ದೆ ಹೂಳಿದ್ವಿ," ಎಂದರು. "ಈಗ ಬರ್ದಂಗಾಯ್ತು, ಅಲ್ವಾ?"

"ಆಯ್ತು, ಸರ್."

ಅವಳು ಯಂತ್ರ ನಿಲ್ಲಿಸಿ ಮತ್ತೆ ಚಾಲೂ ಮಾಡಿದಳು. ಕೊನೆಯಲ್ಲಿ ಯಾರೂ ಮಾತಾಡದೆ ಒಂದು ನಿಮಿಷ ಕೋಣೆಯ ಸದ್ದು ಹಿಡಿಯುವುದು ಈ ಕೆಲಸದ ರೂಢಿ; ಮಾತು ಕತ್ತರಿಸಿದ ಕಡೆ ತೇಪೆ ಹಾಕಲು ಬೇಕಾಗುತ್ತದೆ. ಇಬ್ಬರೂ ಸುಮ್ಮನೆ ಕೂತರು. ಗಡಿಯಾರ ನಡೆಯುತ್ತಿತ್ತು.

"ಸುಮ್ನಿರೋದಕ್ಕೂ ಇಷ್ಟು ದೂರ ಬರ್ಬೇಕಾ?" ನಿಮಿಷ ಮುಗಿದ ಮೇಲೆ ಟಾಲಿವರ್ ನಕ್ಕು, ಕೇಕಿನ ತುಂಡೊಂದನ್ನು ಕಾಗದದಲ್ಲಿ ಸುತ್ತಿ ಕೊಟ್ಟರು.

ಗ್ರಂಥಾಲಯಕ್ಕೆ ಮರಳಿ ರೆಕಾರ್ಡರ್ ತೆರೆದು ನೋಡಿದರೆ ಎರಡೇ ಧ್ವನಿ ಕಡತಗಳು. ಮೊದಲನೆಯದು ನಾಲ್ಕು ಸೆಕೆಂಡು: ಕುರ್ಚಿ ಕಿರುಗುಟ್ಟಿದ ಸದ್ದು, "ಓ ಕರ್ತನೇ". ಎರಡನೆಯದು ಒಂದು ನಿಮಿಷ. ಪ್ರಾರ್ಥನೆ ಮುಗಿದ ಮೇಲೆ ವಿರಾಮದ ಗುಂಡಿಯನ್ನು ಅವಳು ಮತ್ತೆ ಒತ್ತಿರಲೇ ಇಲ್ಲ.

ಗೆಳೆಯನ ಹೆಸರು ನೆನಪಿಸಿಕೊಳ್ಳಲು ಹೋದಳು. ಬೆವರು ಬಂತು, ಹೆಸರು ಬರಲಿಲ್ಲ.

ಫೋನು ರಿಂಗಾಯಿತು.

"ಮಗಳೇ, ನನ್ನ ಧ್ವನಿ ತೀರಾ ಮುದುಕನ ಥರ ಇದೆಯಾ?"

"ಇಲ್ಲ, ಸರ್."

"ಅವನ ಹೆಸರು? ಸರಿಯಾಗಿ ಕೇಳ್ಸುತ್ತಾ?"

"ಕೇಳ್ಸುತ್ತೆ."

"ಹಾಗಾದ್ರೆ ಸರಿ. ಇವತ್ತು ನಿದ್ದೆ ಮಾಡ್ತೀನಿ."

ಕೇಕು ಮೇಜಿನ ಮೇಲೆ ಹಾಗೇ ಇತ್ತು. ವಿನೆಟ್ಟಾ ಹೆಡ್‌ಫೋನ್ ಹಾಕಿಕೊಂಡು ಎರಡನೆಯ ಕಡತ ತೆರೆದಳು. ಗಡಿಯಾರ. ಅದರ ಹಿಂದೆ ಯಾರದೋ ಉಸಿರು. ಅವರದೋ, ಈಗಿನ ತನ್ನದೋ ತಿಳಿಯಲೆಂದು ಉಸಿರು ಬಿಗಿಹಿಡಿದಳು.

ಕಿವಿಯೊಳಗಿನ ಉಸಿರೂ ನಿಂತಿತು; ಗಡಿಯಾರ ಮಾತ್ರ ನಡೆಯುತ್ತಿತ್ತು.