ಬೆಟ್ಟದ ಆ ಮಗ್ಗುಲು

ಸಾತನೂರಿನಾಚೆಯ ಆ ಬೆಟ್ಟದೆದುರು ತಸ್ಲೀಮಾ ಕ್ಯಾಮೆರಾ ಊರಿ ಕೂತು ಅಂದಿಗೆ ನಾಲ್ಕನೆಯ ದಿನ. ಅವಳು ಸಿನಿಮಾ ಮಾಡುವ ಬಗೆಯೇ ಹಾಗೆ. ಕ್ಯಾಮೆರಾವನ್ನು ಒಂದು ಕಡೆ ನಿಲ್ಲಿಸಿದರೆ ಅಲುಗಿಸುವುದಿಲ್ಲ. ಮೋಡದ ನೆರಳು ಬಂಡೆಯನ್ನು ದಾಟಲು ಇಪ್ಪತ್ತು ನಿಮಿಷ ಬೇಕಾದರೆ ಇಪ್ಪತ್ತು ನಿಮಿಷವೂ ಕಾಯುತ್ತಾಳೆ. ರಾಮನಗರದಲ್ಲಿ ಅಪ್ಪ ರೇಷ್ಮೆ ನೂಲು ತೆಗೆಯುತ್ತಿದ್ದಾಗ, ಬಿಸಿನೀರಿನಲ್ಲಿ ಹೊರಳುವ ಗೂಡು ಎಳೆ ಬಿಡುವವರೆಗೆ ಪಕ್ಕದಲ್ಲಿ ಕೂತು ನೋಡಿ ಬೆಳೆದವಳು.

ಕುರಿ ಮೇಯಿಸುವ ಹೊನ್ನಯ್ಯ ಮೂರು ದಿನ ದೂರದಿಂದಲೇ ನೋಡಿ, ಆವತ್ತು ಹತ್ತಿರ ಬಂದ. "ಒಸಿ ತೋರ್ಸವ್ವ, ಏನ್ ಹಿಡ್ದಿದ್ದೀಯ ನೋಡವ."

ಅವಳು ಪರದೆಯನ್ನು ಅವನತ್ತ ತಿರುಗಿಸಿದಳು. ಹೊನ್ನಯ್ಯ ಬಹಳ ಹೊತ್ತು ನೋಡಿದ.

"ಚೆಂದಾಗೈತೆ. ಯಾವ ಬೆಟ್ಟ ಇದು?"

"ಇದೇ ಅಲ್ವಾ ಯಜಮಾನ್ರೇ!"

"ಇದೇಯ? ಹಂಗಾರೆ ಆ ಕಡೆ ಮಗ್ಗುಲು ಎಲ್ಲೋಯ್ತು?"

ಆ ಮಗ್ಗುಲಲ್ಲಿ ಕಲ್ಲು ಕ್ವಾರಿ ಇದ್ದದ್ದು ತಸ್ಲೀಮಾಗೆ ಗೊತ್ತಿತ್ತು. ಸೀಳಿದ ಬಂಡೆ ಒಂದಿಷ್ಟೂ ಕಾಣದಂಥ ಜಾಗ ಹುಡುಕಲು ಮೊದಲ ದಿನ ಎರಡು ಗಂಟೆ ಅಲೆದಿದ್ದಳು.

"ಬಾ" ಎಂದು ಹೊನ್ನಯ್ಯ ನಡೆದ. ಅವಳು ಕ್ಯಾಮೆರಾ ಹೊತ್ತು ಹಿಂಬಾಲಿಸಿದಳು.

ಕ್ವಾರಿ ನಿಂತು ಹತ್ತು ವರ್ಷವಾಗಿತ್ತು. ಅಗೆದ ಹಳ್ಳದಲ್ಲಿ ಮಳೆನೀರು ಹಸಿರುಗಟ್ಟಿತ್ತು. ಅದರ ಅಂಚಿನಲ್ಲಿ ಒಬ್ಬ ಹೆಂಗಸು ಕೂತಿದ್ದಳು.

"ನನ್ನೆಂಡ್ತಿ, ದಾಸಮ್ಮ. ಇಪ್ಪತ್ತು ವರ್ಷ ಇಲ್ಲೇ ಜಲ್ಲಿ ಒಡುದ್ಲು. ಸಿಡಿಮದ್ದಿನ ಸದ್ದಿಗೆ ಕಿವಿ ಹೋಯ್ತು. ಬ್ಯಾಡ ಅಂದ್ರೂ ದಿನಾ ಬಂದು ಕೂರ್ತಾಳೆ."

ದಾಸಮ್ಮ ತಸ್ಲೀಮಾಳ ಮುಂಗೈ ಹಿಡಿದು ಪಕ್ಕದಲ್ಲಿ ಕೂರಿಸಿಕೊಂಡು, ಎದುರಿನ ಕಲ್ಲುಗೋಡೆಯತ್ತ ಬೆರಳು ಮಾಡಿದಳು. ತಸ್ಲೀಮಾಗೆ ಕಂಡದ್ದು ಬಿರುಕು, ತುಕ್ಕುಬಣ್ಣದ ನೀರಿನ ಕಲೆ, ಅಷ್ಟೇ. ಹತ್ತು ನಿಮಿಷ, ಇಪ್ಪತ್ತು ನಿಮಿಷ. ನೋಡುವುದೇ ತನ್ನ ಕಸುಬು ಅಂದುಕೊಂಡವಳಿಗೆ ನಾಚಿಕೆಯಾಯಿತು. ಇನ್ನೇನು ಏಳಬೇಕು ಎನ್ನುವಷ್ಟರಲ್ಲಿ ಒಂದು ಸೀಳಿನೊಳಗೆ ಕಲ್ಲೇ ಕಣ್ಣು ತೆರೆದಂತಾಯಿತು. ಕಿತ್ತಳೆ ಬಣ್ಣದ ಎರಡು ದೊಡ್ಡ ಕಣ್ಣು. ಗೂಬೆ. ಅದರ ಹೊಟ್ಟೆಯಡಿ ಮಾಸಲು ಬಿಳಿಯ ಮರಿಯೊಂದು ಮಿಸುಕಾಡಿತು.

"ಕಾಣ್ತಾ?" ತನ್ನ ದನಿ ತನಗೇ ಕೇಳದ ದಾಸಮ್ಮ ಕೂಗಿಯೇ ಮಾತಾಡಿದಳು. "ಜನ ಅಪಶಕುನ ಅಂತಾರೆ. ನಾವು ಒಡ್ದು ಬುಟ್ಟೋದ ಜಾಗ್ದಲ್ಲಿ ಸಂಸಾರ ಮಾಡ್ತೈತೆ, ಅದೆಂಗೆ ಅಪಶಕುನ ಆದಾತು?"

ಗೂಬೆಯನ್ನು ಹತ್ತಿರದಿಂದ ಹಿಡಿಯಲು ತಸ್ಲೀಮಾ ಉದ್ದನೆಯ ಲೆನ್ಸ್ ತೆಗೆದಳು. ಆಮೇಲೆ ಮನಸ್ಸು ಬದಲಿಸಿ ಚೀಲಕ್ಕೇ ಹಾಕಿದಳು. ಗೋಡೆ, ನೀರು, ಮೇಲೆ ಉಳಿದ ಬೆಟ್ಟ ಎಲ್ಲವೂ ಒಟ್ಟಿಗೇ ಇರಲಿ, ನೋಡುವವರು ತಾವೇ ಕಾದು ಕಂಡುಕೊಳ್ಳಲಿ ಅನ್ನಿಸಿತು.

ದಾಸಮ್ಮ ಪರದೆಯನ್ನು ಇಣುಕಿ ನೋಡಿ, ಅಂಗೈಯಿಂದ ಕ್ಯಾಮೆರಾವನ್ನು ದೂಡಿದಳು. "ಒಸಿ ಎಡುಕ್ಕೆ. ನಾವು ಜಲ್ಲಿ ಗುಡ್ಡೆ ಹಾಕ್ತಿದ್ದ ತಾವೂ ಬರ್ಲಿ."

ಕ್ಯಾಮೆರಾ ಮುಟ್ಟಲು ಯಾರಿಗೂ ಬಿಡದ ತಸ್ಲೀಮಾ, ಅದು ತಿರುಗಿದಲ್ಲೇ ತಿರುಪು ಬಿಗಿದು ರೆಕಾರ್ಡಿಂಗ್ ಶುರು ಮಾಡಿದಳು. ಆ ವಾರದ ಉಳಿದ ದಿನಗಳನ್ನೆಲ್ಲ ಅವಳು ಆ ಮಗ್ಗುಲಲ್ಲೇ ಕಳೆದಳು.